ಸಿಡಿಲಮಾರಿಯ ತೂಕ: ಕಲ್ಪಿತ ಲೋಕದ ದೈತ್ಯ ತೋಪಿನ ಬಗ್ಗೆ ಓದುಗರೊಬ್ಬರ ಪ್ರಶ್ನೆಗೆ ಉತ್ತರ

ಪ್ರಶ್ನೆ: ನಾನು ಕಲ್ಪಿತ ಲೋಕವೊಂದರ ಕಾದಂಬರಿ ಬರೆಯುತ್ತಿದ್ದೇನೆ. ಅದರಲ್ಲಿ ‘ಸಿಡಿಲಮಾರಿ’ ಎಂಬ ಕಂಚಿನ ತೋಪು ಬರುತ್ತದೆ. ಅದರ ಉದ್ದ 40 ಮೊಳ. ಬಾಯಿಯ ಅಗಲ ಆಳೊಬ್ಬ ನಿಲ್ಲಬಹುದಾದಷ್ಟು, ಅಂದರೆ ಆರು ಅಡಿ. ‘ಉರಿಗಲ್ಲು’ ಎಂಬ ಖನಿಜದ ಬಲದಿಂದ ಅದು ಗಂಟೆಗೊಂದರಂತೆ ಹತ್ತು ಮೈಲಿ ದೂರದ ಕೋಟೆಗೆ ಕಲ್ಲುಗುಂಡು ಹೊಡೆಯುತ್ತದೆ. ಶತ್ರುರಾಜ ಅದನ್ನು ತನ್ನ ರಾಜಧಾನಿಯಲ್ಲಿ ಎರಕ ಹೊಯ್ಯಿಸಿ, ಬೆಟ್ಟ ಹೊಳೆಗಳನ್ನು ದಾಟಿಸಿ ತರುತ್ತಾನೆ. ಎರಕದವನ ಮಗಳೇ ನಾಯಕಿ. ಕೊನೆಯಲ್ಲಿ ಅವಳು ಆ ತೋಪನ್ನು ನಿಷ್ಪ್ರಯೋಜಕ ಮಾಡಬೇಕು. ಇದು ನಂಬುವಂತಿದೆಯೇ? ಏನನ್ನು ಬದಲಿಸಬೇಕು? ಅವಳು ಅದನ್ನು ಕೆಡಿಸುವುದು ಹೇಗೆ?

ಉತ್ತರ: ನಿಮ್ಮ ಲೋಕದಲ್ಲಿ ಉರಿಗಲ್ಲೊಂದನ್ನು ಬಿಟ್ಟು ಉಳಿದೆಲ್ಲವೂ, ಅಂದರೆ ಕಂಚು, ಕಲ್ಲು, ಎತ್ತು, ಮನುಷ್ಯನ ತೋಳು, ನೆಲದ ಸೆಳೆತ ಎಲ್ಲವೂ, ನಮ್ಮ ಲೋಕದಂತೆಯೇ ಇವೆ ಎಂದು ಇಟ್ಟುಕೊಂಡು ಉತ್ತರಿಸುತ್ತೇನೆ. ಹಾಗಿದ್ದರೆ ಮೊದಲ ಕೆಲಸ ತೋಪನ್ನು ತೂಗುವುದು. ಅದಕ್ಕೆ ಬೇಕಾದ ತಕ್ಕಡಿಕಲ್ಲು ನಮ್ಮ ವಿಜಯಪುರದಲ್ಲೇ ಇದೆ.

ಶೇರ್ಜಾ ಬುರುಜಿನ ಮೇಲಿರುವ ಮಲಿಕ್-ಎ-ಮೈದಾನ್ ತೋಪನ್ನು ನೀವು ನೋಡಿರಬಹುದು. ಅಹಮದ್‌ನಗರದ ಬುರ್ಹಾನ್ ನಿಜಾಮ್ ಷಾನಿಗಾಗಿ 1549ರಲ್ಲಿ ಮುಹಮ್ಮದ್ ಬಿನ್ ಹಸನ್ ರೂಮಿ ಎಂಬಾತ ಎರಕ ಹೊಯ್ದ ತೋಪು ಅದು. ಉದ್ದ ಸುಮಾರು 4.45 ಮೀಟರ್, ಹೊರ ಅಡ್ಡಳತೆ ಒಂದೂವರೆ ಮೀಟರ್, ಒಳಗಿನ ಕೊಳವೆ 70 ಸೆಂಟಿಮೀಟರ್. ಇಷ್ಟು ಅಳತೆ ಗೊತ್ತಿದ್ದರೆ ತೂಕವನ್ನು ಕಾಗದದ ಮೇಲೆಯೇ ತೆಗೆಯಬಹುದು. ಹೊರಗಿನ ಉರುಳೆಯ ಗಾತ್ರದಿಂದ ಒಳಗಿನ ಪೊಳ್ಳಿನ ಗಾತ್ರವನ್ನು ಕಳೆದರೆ ಸುಮಾರು 6 ಘನ ಮೀಟರ್ ಲೋಹ ಉಳಿಯುತ್ತದೆ. ಒಂದು ಘನ ಮೀಟರ್ ಕಂಚು 8.7 ಟನ್ ತೂಗುತ್ತದೆ. ಎರಡನ್ನೂ ಗುಣಿಸಿದರೆ 53 ಟನ್ ಬರುತ್ತದೆ. ಪುಸ್ತಕಗಳು ಹೇಳುವ ತೂಕ 55 ಟನ್. ಲೆಕ್ಕ ಇಷ್ಟು ಹತ್ತಿರ ಬಂದಿರುವುದರಿಂದ ಇದೇ ವಿಧಾನವನ್ನು ಸಿಡಿಲಮಾರಿಗೂ ಧೈರ್ಯವಾಗಿ ಅನ್ವಯಿಸಬಹುದು.

ಆರು ಅಡಿ ಬಾಯಿ ಎಂದರೆ 1.8 ಮೀಟರ್, 40 ಮೊಳ ಎಂದರೆ 18 ಮೀಟರ್. ಕೊಳವೆಗೂ ಗೋಡೆಯ ದಪ್ಪಕ್ಕೂ ಮಲಿಕ್-ಎ-ಮೈದಾನ್‌ನಲ್ಲಿರುವ ಪ್ರಮಾಣವನ್ನೇ ಇಟ್ಟುಕೊಂಡರೆ ಸಿಡಿಲಮಾರಿಯ ಮೈಸುತ್ತಿನ ಅಡ್ಡಳತೆ ನಾಲ್ಕು ಮೀಟರ್‌ಗೆ ತುಸು ಕಡಿಮೆ, ತೂಕ 1,400 ಟನ್‌ಗೂ ಹೆಚ್ಚು. ಎರಡನೇ ಮಹಾಯುದ್ಧದಲ್ಲಿ ಜರ್ಮನರು ಕ್ರುಪ್ ಕಾರ್ಖಾನೆಯಲ್ಲಿ ಮಾಡಿಸಿದ 80 ಸೆಂಟಿಮೀಟರ್ ಬಾಯಿಯ ರೈಲು ತೋಪು, ಅದರ ಗಾಡಿ, ಗಾಲಿ, ಯಂತ್ರಗಳೆಲ್ಲ ಸೇರಿ, ಸುಮಾರು 1,350 ಟನ್ ಇತ್ತು. ಉಕ್ಕು, ಉಗಿಬಂಡಿ, ಕ್ರೇನುಗಳೆಲ್ಲ ಕೈಯಲ್ಲಿದ್ದ ದೇಶವೊಂದು ವಿಶೇಷವಾಗಿ ಹಾಕಿಸಿದ ಜೋಡಿ ಹಳಿಗಳ ಮೇಲೆ ವಾರಗಟ್ಟಲೆ ದುಡಿದು ಅದನ್ನು ನಿಲ್ಲಿಸಿತು. 1942ರಲ್ಲಿ ಸೆವಾಸ್ತೊಪೋಲ್ ಮುತ್ತಿಗೆಯಲ್ಲಿ ಅದು ಹೊಡೆದ ಗುಂಡುಗಳು ಐವತ್ತನ್ನೂ ಮುಟ್ಟಲಿಲ್ಲ. ನಿಮ್ಮ ರಾಜನ ಬಳಿ ಇರುವುದು ಎತ್ತುಗಳು.

ಹೀಗಾಗುವುದಕ್ಕೆ ಕಾರಣ ಸರಳ. ಕಾದಂಬರಿಕಾರರು ತೋಪನ್ನು ದೊಡ್ಡದು ಮಾಡುವಾಗ ಬಾಯಿಯ ಅಗಲವನ್ನು ಹಿಗ್ಗಿಸುತ್ತಾರೆ. ಆದರೆ ತೂಕ ಅಗಲದ ಲೆಕ್ಕದಲ್ಲಿ ಏರುವುದಿಲ್ಲ, ಘನದ ಲೆಕ್ಕದಲ್ಲಿ ಏರುತ್ತದೆ. ಬಾಯಿ ಎರಡರಷ್ಟಾದರೆ ಗುಂಡು ಎಂಟರಷ್ಟಾಗುತ್ತದೆ, ಅದನ್ನು ತಾಳುವ ತೋಪೂ ಎಂಟರಷ್ಟಾಗುತ್ತದೆ. ಮಲಿಕ್-ಎ-ಮೈದಾನ್‌ನ ಬಾಯಿಗೆ ಹೊಂದುವ ಕಲ್ಲುಗುಂಡು ಸುಮಾರು 480 ಕಿಲೋ ತೂಗಿದರೆ, ಸಿಡಿಲಮಾರಿಯದು 8 ಟನ್ ದಾಟುತ್ತದೆ. ಅದನ್ನು ಎತ್ತಿ ತೋಪಿನ ಬಾಯಿಗೆ ಇಡುವುದಕ್ಕೇ ಇನ್ನೊಂದು ಯಂತ್ರ ಬೇಕು, ಆ ಯಂತ್ರವನ್ನು ನೀವು ವರ್ಣಿಸಿಲ್ಲ.

ಎರಕದ ಕಡೆಯಿಂದ ನೋಡಿದರೂ ತೊಡಕು ಇದೇ. ಒಂದೇ ಸಲಕ್ಕೆ ಹೊಯ್ದ ಕಂಚಿನ ಎರಕಗಳ ಪೈಕಿ ಮಾಸ್ಕೋದ ಕ್ರೆಮ್ಲಿನ್‌ನಲ್ಲಿರುವ ದೈತ್ಯ ಗಂಟೆಗೆ ಸರಿಗಟ್ಟುವುದು ಕಷ್ಟ. 1735ರಲ್ಲಿ ಎರಕವಾದ ಅದರ ತೂಕ 200 ಟನ್‌ನಷ್ಟು. ಅದನ್ನು ಒಮ್ಮೆಯೂ ಬಾರಿಸಲಿಲ್ಲ. 1737ರ ಬೆಂಕಿ ಅನಾಹುತದಲ್ಲಿ ಬಿರಿದು 11 ಟನ್‌ಗೂ ಮಿಕ್ಕಿದ ಚೂರೊಂದು ಕಳಚಿ ಬಿತ್ತು. ನಿಮ್ಮ ತೋಪು ಅಂಥ ಏಳು ಗಂಟೆಗಳಷ್ಟು ಲೋಹ. ಅಷ್ಟನ್ನೂ ಹತ್ತಾರು ಕುಲುಮೆಗಳಲ್ಲಿ ಒಟ್ಟಿಗೇ ಕರಗಿಸಿ, ಒಂದರ ಲೋಹ ಆರುವ ಮೊದಲೇ ಇನ್ನೊಂದರದು ಬಂದು ಕೂಡಿಕೊಳ್ಳುವಂತೆ ಹರಿಸಬೇಕು. ನಡುವೆ ಅರ್ಧ ಗಳಿಗೆ ತಡವಾದರೂ ಎರಡು ಹೊಯ್ತಗಳ ನಡುವೆ ಬೆಸುಗೆಯಿಲ್ಲದ ಗೆರೆಯೊಂದು ಉಳಿಯುತ್ತದೆ, ಮೊದಲ ಗುಂಡಿಗೇ ತೋಪು ಆ ಗೆರೆಯಲ್ಲಿ ಒಡೆಯುತ್ತದೆ.

ಆದ್ದರಿಂದ ಸಿಡಿಲಮಾರಿಯನ್ನು ಕುಗ್ಗಿಸಿ. ಬಾಯಿ 90 ಸೆಂಟಿಮೀಟರ್, ಉದ್ದ 14 ಮೊಳ ಇರಲಿ. ಇದೇನೂ ಸಣ್ಣ ತೋಪಲ್ಲ. ಆಂದ್ರೇ ಚೋಖೋವ್ 1586ರಲ್ಲಿ ಎರಕ ಹೊಯ್ದ, ಈಗಲೂ ಮಾಸ್ಕೋದಲ್ಲಿರುವ ತ್ಸಾರ್ ತೋಪಿನ ಬಾಯಿ 89 ಸೆಂಟಿಮೀಟರ್. ನಾನು ಹೇಳಿದ ಅಳತೆಯಲ್ಲಿ ಸಿಡಿಲಮಾರಿ ಸುಮಾರು 120 ಟನ್ ತೂಗುತ್ತದೆ, ಅಂದರೆ ಮಲಿಕ್-ಎ-ಮೈದಾನ್‌ನ ಎರಡರಷ್ಟು. ಅದರ ಕಲ್ಲುಗುಂಡು ಒಂದು ಟನ್‌ಗೆ ತುಸು ಕಡಿಮೆ. ಇದನ್ನೂ ಒಂದೇ ತುಂಡಾಗಿ ಮಾಡಿಸಬೇಡಿ. ತುರ್ಕಿಯ ಓಟ್ಟೋಮನ್ನರಿಗಾಗಿ ಮುನೀರ್ ಅಲಿ 1464ರಲ್ಲಿ ಎರಕ ಹೊಯ್ದ, ಈಗ ಇಂಗ್ಲೆಂಡಿನಲ್ಲಿರುವ ತೋಪೊಂದಿದೆ. ಅದರ ಮದ್ದಿನ ಭಾಗ ಬೇರೆ, ಗುಂಡಿನ ಭಾಗ ಬೇರೆ; ಎರಡನ್ನೂ ತಿರುಪಿನಿಂದ ಸೇರಿಸುತ್ತಿದ್ದರು. ಮೈಸುತ್ತ ಇರುವ ಗುಳಿಗಳಿಗೆ ಮರದ ಸನ್ನೆಗೋಲು ಕೊಟ್ಟು, ಗಾಣ ತಿರುಗಿಸಿದಂತೆ ತಿರುಗಿಸಿ ಬಿಗಿಯುವ ಏರ್ಪಾಡು ಅದು. ಸುಮಾರು 17 ಟನ್ ತೂಕದ ಕಂಚಿಗೆ ನುಣುಪಾದ ತಿರುಪು ಕಡೆದವನ ಕೈಯ ಬಗ್ಗೆ ನನಗೆ, ನಾಲ್ಕು ದಶಕ ಎರಕದ ಮನೆಯ ಧೂಳು ಕುಡಿದವನಾಗಿ, ಇಂದಿಗೂ ಅಸೂಯೆ ಇದೆ. ನಿಮ್ಮ ನಾಯಕಿಯ ತಂದೆ ಅಂಥವನಾಗಿದ್ದರೆ ಅವನ ಒಂದು ದಿನದ ಕೆಲಸವನ್ನಾದರೂ ಪೂರ್ತಿ ಬರೆಯಿರಿ.

ಆ ದಿನ ಯಾವುದಾಗಬೇಕೆಂದರೆ ಹೊಯ್ಯುವ ದಿನವೇ. ನೆಲದಲ್ಲಿ ಬಾವಿಯಂತೆ ತೋಡಿದ ಗುಂಡಿಯಲ್ಲಿ ಅಚ್ಚು ನೆಟ್ಟಗೆ ನಿಂತಿರುತ್ತದೆ. ತೋಪಿನ ಹಿಂಭಾಗ ಕೆಳಕ್ಕೆ, ಬಾಯಿ ಮೇಲಕ್ಕೆ. ಮೇಲಿನ ಲೋಹದ ಭಾರಕ್ಕೆ ಕೆಳಗಿನದು ಒತ್ತಿ ಗಟ್ಟಿಯಾಗಲಿ ಎಂಬುದು ಇದರ ಉದ್ದೇಶ, ಏಕೆಂದರೆ ಮದ್ದು ಸಿಡಿಯುವುದು ಹಿಂಭಾಗದಲ್ಲಿ. ನಡುವೆ, ಕೊಳವೆಯ ಪೊಳ್ಳನ್ನು ಉಳಿಸುವ, ಜೇಡಿಮಣ್ಣು ಮೆತ್ತಿದ ತಿರುಳಚ್ಚು ತೂಗಿಬಿದ್ದಿರುತ್ತದೆ. ಅದು ಒಂದು ಬೆರಳು ಅತ್ತಿತ್ತ ಸರಿದರೂ ತೋಪಿನ ಗೋಡೆ ಒಂದು ಕಡೆ ತೆಳುವಾಗುತ್ತದೆ. ಎಲ್ಲಕ್ಕಿಂತ ಹೆಚ್ಚಿನ ಭಯ ತೇವದ್ದು. ಮಣ್ಣಿನ ಅಚ್ಚು ಪೂರ್ತಿ ಒಣಗದೆ ಒಳಗೆಲ್ಲೋ ಹಸಿ ಉಳಿದಿದ್ದರೆ, ಸಾವಿರ ಡಿಗ್ರಿಗೂ ಮೇಲೆ ಕಾದ ಲೋಹ ತಗಲಿದ ಕ್ಷಣ ಆ ನೀರು ಆವಿಯಾಗಿ ಸಿಡಿದು, ಕರಗಿದ ಕಂಚನ್ನು ಸುತ್ತ ನಿಂತವರ ಮೇಲೆ ಎರಚುತ್ತದೆ. ಹಾಗೆ ಸಿಡಿಯದಿದ್ದರೂ ಆವಿ ಲೋಹದೊಳಗೆ ಸಿಕ್ಕಿಕೊಂಡು ಗುಳ್ಳೆಗಳಾಗಿ ಉಳಿಯುತ್ತದೆ. ಈ ಗುಳ್ಳೆಯನ್ನು ನೆನಪಿಟ್ಟುಕೊಳ್ಳಿ. ಕೊನೆಯಲ್ಲಿ ನಿಮ್ಮ ನಾಯಕಿಗೆ ಬೇಕಾಗುತ್ತದೆ.

ಕಂಚಿನ ಹದವೂ ಕಥೆಗೆ ಒದಗುವ ವಿಷಯ. ತಾಮ್ರಕ್ಕೆ ಹತ್ತರಲ್ಲಿ ಒಂದು ಪಾಲಿನಷ್ಟು ತವರ ಬೆರೆತರೆ ತೋಪಿಗೆ ಒಪ್ಪುವ, ಪೆಟ್ಟು ತಾಳುವ ಕಂಚಾಗುತ್ತದೆ. ತವರ ಐದರಲ್ಲೊಂದು ಪಾಲಿಗೆ ಏರಿದರೆ ಗಂಟೆಯ ಕಂಚಾಗುತ್ತದೆ: ನಾದ ಚೆಂದ, ಆದರೆ ಮೈ ಗಡುಸು, ಬಿರಿಯುವ ಸ್ವಭಾವ. ಮಲಿಕ್-ಎ-ಮೈದಾನ್ ಗಂಟೆಯ ಕಂಚಿನದೆಂದೇ ಪ್ರಸಿದ್ಧ. ಬೆರಳ ಗೆಣ್ಣಿನಿಂದ ತಟ್ಟಿದರೆ ಆ 55 ಟನ್ ಲೋಹ ದೇವಸ್ಥಾನದ ಗಂಟೆಯಂತೆ ಗುಂಯ್ ಎನ್ನುತ್ತದೆ. ನಿಮ್ಮ ರಾಜ ದೇವಾಲಯಗಳ ಗಂಟೆಗಳನ್ನು ಕಿತ್ತು ತಂದು ಕುಲುಮೆಗೆ ಹಾಕಿಸುವವನಾದರೆ, ತೋಪಿನ ಕಂಚಿನಲ್ಲಿ ತವರ ಹೆಚ್ಚುತ್ತದೆಂದು ತಂದೆ ಬೇಡಿಕೊಳ್ಳುವ, ರಾಜ ಕೇಳದಿರುವ ದೃಶ್ಯವೊಂದು ತಾನಾಗಿಯೇ ಹುಟ್ಟುತ್ತದೆ.

ಕಂಚಿನ ಬದಲು ಕಬ್ಬಿಣದ ತೋಪು ಬೇಕೆನಿಸಿದರೆ ಅದರ ದಾರಿಯೇ ಬೇರೆ. ಉದ್ದುದ್ದ ಕಬ್ಬಿಣದ ಪಟ್ಟಿಗಳನ್ನು ಪೀಪಾಯಿಯ ಹಲಗೆಗಳಂತೆ ಜೋಡಿಸಿ, ಮೇಲೆ ಕಾಯಿಸಿದ ಬಳೆಗಳನ್ನು ತೊಡಿಸುತ್ತಾರೆ. ಎತ್ತಿನ ಬಂಡಿಯ ಗಾಲಿಗೆ ಹಳಿ ಕಟ್ಟುವ ಹಾಗೆ, ಬಳೆ ಆರುತ್ತಾ ಕುಗ್ಗಿ ಬಿಗಿಯುತ್ತದೆ. ವಿಜಯಪುರದ ಉಪ್ಪಲಿ ಬುರುಜಿನ ಮೇಲಿರುವ, ಒಂಬತ್ತು ಮೀಟರ್ ದಾಟುವ ನೀಳ ತೋಪು ಇಂಥದ್ದು. ಸ್ಕಾಟ್ಲೆಂಡಿನ ಎಡಿನ್‌ಬರೋ ಕೋಟೆಯಲ್ಲಿರುವ, 1449ರಲ್ಲಿ ತಯಾರಾದ ಮಾನ್ಸ್ ಮೆಗ್ ಕೂಡ ಇಂಥದ್ದೇ. 1680ರಲ್ಲಿ ಮರ್ಯಾದೆಗಾಗಿ ಹಾರಿಸಿದಾಗ ಅದರ ಬಳೆಗಳು ಬಿಟ್ಟುಕೊಂಡು ಕೊಳವೆ ಒಡೆಯಿತು. ನಿಮ್ಮ ನಾಯಕಿ ಎರಕದವನ ಮಗಳಾಗಿರುವುದರಿಂದ ಕಂಚನ್ನೇ ಉಳಿಸಿಕೊಳ್ಳಿ.

ಇನ್ನು ಉರಿಗಲ್ಲು. ಅದು ‘ಕೆಂಡಕ್ಕಿಂತ ನೂರು ಪಟ್ಟು ಬಿಸಿಯಾಗಿ ಉರಿಯುತ್ತದೆ’ ಎಂದು ನಿಮ್ಮ ಪತ್ರದಲ್ಲಿದೆ. ಗುಂಡನ್ನು ತಳ್ಳುವುದಕ್ಕೆ ಬಿಸಿಯೊಂದೇ ಸಾಲದು. ತೋಪಿನ ಹೊಟ್ಟೆಗೆ ಇದ್ದಿಲನ್ನಷ್ಟೇ ತುಂಬಿ ಬಾಯಿಗೆ ಕಲ್ಲು ಜಡಿದರೆ, ಒಳಗೆ ಗಾಳಿಯಿಲ್ಲದೆ ಅದು ಆರಿಹೋಗುತ್ತದೆ. ಮದ್ದಿನ ಗುಟ್ಟಿರುವುದು ಪೆಟ್ಲುಪ್ಪಿನಲ್ಲಿ. ನೂರು ಪಾಲು ಮದ್ದಿನಲ್ಲಿ 75 ಪಾಲು ಪೆಟ್ಲುಪ್ಪು, 15 ಪಾಲು ಇದ್ದಿಲು, 10 ಪಾಲು ಗಂಧಕ ಎಂಬುದು ನುರಿತ ಹದ. ಇದ್ದಿಲು ಗಂಧಕಗಳು ಉರಿಯಲು ಬೇಕಾದ ಉಸಿರನ್ನು ಪೆಟ್ಲುಪ್ಪು ತನ್ನೊಳಗಿಂದಲೇ ಕೊಡುತ್ತದೆ. ಹಾಗಾಗಿ ಮುಚ್ಚಿದ ಕೊಳವೆಯಲ್ಲೂ ಮದ್ದು ಕಣ್ಣೆವೆ ಇಕ್ಕುವುದರೊಳಗೆ ಹೊಗೆಯಾಗುತ್ತದೆ, ಇಕ್ಕಟ್ಟಿನಲ್ಲಿ ಹುಟ್ಟಿದ ಆ ಹೊಗೆ ಗುಂಡನ್ನು ದೂಡಿ ದಾರಿ ಮಾಡಿಕೊಳ್ಳುತ್ತದೆ. ಉರಿಗಲ್ಲನ್ನು ಬೆಂಕಿಯ ಕಲ್ಲಾಗಿಸುವುದಕ್ಕಿಂತ ಉಸಿರಿನ ಕಲ್ಲಾಗಿಸಿ, ಪೆಟ್ಲುಪ್ಪಿನ ಜಾಗದಲ್ಲಿ ಕೂರಿಸಿ. ಮಾಯೆಯನ್ನು ಇದೊಂದೇ ಕಡೆ ಬಳಸಿ, ಉಳಿದೆಡೆ ಅದಕ್ಕೆ ತಕ್ಕ ಬೆಲೆ ತೆರಿಸುವುದು ಒಳ್ಳೆಯದೆಂದು ನನ್ನ ಅಭಿಪ್ರಾಯ.

ಬೆಲೆ ಎಷ್ಟು ಎಂಬುದಕ್ಕೊಂದು ಅಂದಾಜು ಕೊಡುತ್ತೇನೆ. ಹೊಸ ಸಿಡಿಲಮಾರಿಯ ಗುಂಡು 960 ಕಿಲೋ. ಮದ್ದು ಅದರ ಆರನೇ ಒಂದು ಪಾಲು ಎಂದಿಟ್ಟುಕೊಂಡರೆ ಹೊಡೆತವೊಂದಕ್ಕೆ 160 ಕಿಲೋ, ಅದರಲ್ಲಿ ಪೆಟ್ಲುಪ್ಪು, ಇಲ್ಲವೇ ನಿಮ್ಮ ಉರಿಗಲ್ಲು, 120 ಕಿಲೋ. ದಿನಕ್ಕೆ ಏಳು ಹೊಡೆತ, 50 ದಿನದ ಮುತ್ತಿಗೆ ಎಂದರೆ 42 ಟನ್. ಪೆಟ್ಲುಪ್ಪನ್ನು ನಮ್ಮಲ್ಲಿ ತೆಗೆಯುತ್ತಿದ್ದುದು ದನದ ಕೊಟ್ಟಿಗೆಯ ನೆಲ, ಹಾಳುಗೋಡೆ, ಹಳೆಯ ತಿಪ್ಪೆಗಳ ಮಣ್ಣನ್ನು ಕೆರೆದು, ನೀರಿನಲ್ಲಿ ನೆನೆಸಿ ಬಸಿದು, ಆ ನೀರನ್ನು ಕಾಯಿಸಿ ಹರಳುಗಟ್ಟಿಸಿ. ರಾಜನ ಆಳುಗಳು ಊರೂರಿನ ಕೊಟ್ಟಿಗೆ ಅಗೆಯುತ್ತಿದ್ದಾರೆ ಎಂಬ ಸುದ್ದಿ ಬಂದರೆ, ಯುದ್ಧ ಬರುತ್ತಿದೆಯೆಂದು ನಿಮ್ಮ ಲೋಕದ ಅಜ್ಜಿಯರಿಗೂ ಗೊತ್ತಾಗಬೇಕು. ಉರಿಗಲ್ಲು ಗಣಿಯಿಂದ ಬರುವುದಾದರೆ ಗಣಿಯ ಕೂಲಿಗಳೂ ಹೇರಿನ ಕತ್ತೆಗಳೂ ಕಥೆಯೊಳಗೆ ಬರಲಿ.

ಸಾಗಣೆಯೇ ನಿಮ್ಮ ಕಾದಂಬರಿಯ ಅತಿ ಸೊಗಸಾದ ಭಾಗವಾಗಬಲ್ಲದು. ನೀವು ಕಳಿಸಿದ ಸಾರಾಂಶದಲ್ಲಿ ಅದು ಒಂದೇ ವಾಕ್ಯದಲ್ಲಿ ಮುಗಿದಿರುವುದು ನನಗೆ ಬೇಸರ ತಂದಿತು. ಹಂಗೇರಿಯ ಓರ್ಬಾನ್ ಎಂಬ ಎರಕದವನು ಮೊದಲು ಹೋದದ್ದು ಕಾನ್‌ಸ್ಟಾಂಟಿನೋಪಲ್‌ನ ಚಕ್ರವರ್ತಿಯ ಬಳಿಗೆ. ಅಲ್ಲಿ ಕೇಳಿದಷ್ಟು ಹಣ ಸಿಗದೆ, ಅದೇ ನಗರವನ್ನು ಮುತ್ತಲು ಹೊರಟಿದ್ದ ಓಟ್ಟೋಮನ್ ಸುಲ್ತಾನ ಎರಡನೇ ಮೆಹ್ಮದನ ಬಳಿಗೆ ಹೋದ. ಸುಲ್ತಾನನ ರಾಜಧಾನಿ ಎಡಿರ್ನೆಯಲ್ಲಿ ಅವನು ಹೊಯ್ದ, ಸುಮಾರು 27 ಅಡಿ ಉದ್ದದ ತೋಪನ್ನು 1453ರ ಆರಂಭದಲ್ಲಿ 60 ಎತ್ತುಗಳು ಕಾನ್‌ಸ್ಟಾಂಟಿನೋಪಲ್‌ನತ್ತ ಎಳೆದವು. ಅದು ವಾಲದಂತೆ ಅಕ್ಕಪಕ್ಕ ಆನಿಸಿ ಹಿಡಿದು ನೂರಾರು ಆಳುಗಳು ನಡೆದರು. ಮುಂದೆ ಮುಂದೆ ಬಡಗಿಗಳೂ ಕೂಲಿಗಳೂ ರಸ್ತೆ ಸಮಮಾಡುತ್ತ, ಸೇತುವೆ ಗಟ್ಟಿಮಾಡುತ್ತ ಹೋದರು. ಸುಮಾರು 230 ಕಿಲೋಮೀಟರ್ ದಾರಿಗೆ ಎರಡು ತಿಂಗಳ ಹತ್ತಿರ ಹಿಡಿಯಿತು, ಅಂದರೆ ದಿನಕ್ಕೆ ನಾಲ್ಕು ಕಿಲೋಮೀಟರ್. ಮಲಿಕ್-ಎ-ಮೈದಾನ್ 1632ರಲ್ಲಿ ಪರಾಂಡಾ ಕೋಟೆಯಿಂದ ವಿಜಯಪುರಕ್ಕೆ ಬಂದದ್ದು 10 ಆನೆ, 400 ಎತ್ತು, ನೂರಾರು ಆಳುಗಳ ಬಲದಿಂದ ಎನ್ನುತ್ತಾರೆ. ಕಡಕ್ ಬಿಜಲಿ ಎಂಬ ಅದರ ಜೊತೆಗಾರ ತೋಪು ನದಿ ದಾಟಿಸುವಾಗ ಮುಳುಗಿಹೋಯಿತೆಂದೂ ಹೇಳಿಕೆ ಇದೆ.

ಎತ್ತೊಂದಕ್ಕೆ ದಿನಕ್ಕೆ 10 ಕಿಲೋ ಒಣಮೇವು ಎಂದರೂ 400 ಎತ್ತಿಗೆ 4 ಟನ್. ದಿನಕ್ಕೆ ನಾಲ್ಕು ಕಿಲೋಮೀಟರ್ ಸಾಗುವ ಈ ಹಿಂಡು ದಾರಿಯ ಒಂದೊಂದು ಹಳ್ಳಿಯ ಬಣವೆಗಳನ್ನೂ ಮುಗಿಸುತ್ತದೆ; ಮುಂದಿನ ಬೇಸಿಗೆಯಲ್ಲಿ ಆ ಹಳ್ಳಿಯ ದನಗಳು ಏನು ತಿನ್ನುತ್ತವೆ ಎಂಬುದನ್ನು ನಿಮ್ಮ ನಾಯಕಿ ಕಣ್ಣಾರೆ ಕಾಣಬಹುದು. ಮಳೆ ಬಿದ್ದರೆ ನಮ್ಮ ಎರೆಭೂಮಿಯಂಥ ನೆಲದಲ್ಲಿ ಗಾಲಿ ಅಚ್ಚಿನವರೆಗೂ ಹೂಳುತ್ತದೆ. ಹಾಗಾಗಿ ಪಯಣ ಬೇಸಿಗೆಯಲ್ಲೇ ನಡೆಯಬೇಕು, ಬೇಸಿಗೆಯಲ್ಲಿ ನೀರು ಮೇವು ಎರಡೂ ಕಡಿಮೆ. ತಿರುಪಿನ ತೋಪಾದ್ದರಿಂದ ನಿಮ್ಮ ರಾಜ ತಲಾ 60 ಟನ್‌ನ ಎರಡು ಹೇರು ಮಾಡಿಕೊಳ್ಳಬಹುದು, ಒಂದು ಹೊಳೆಯಲ್ಲಿ ಮುಳುಗಿದರೆ ಇನ್ನೊಂದೂ ಕೆಲಸಕ್ಕೆ ಬಾರದು. ಇದು ಬೇಡವೆನಿಸಿದರೆ ಓಟ್ಟೋಮನ್ನರೇ ಕೆಲವು ಮುತ್ತಿಗೆಗಳಲ್ಲಿ ಹಿಡಿದ ದಾರಿಯೂ ಇದೆ: ಲೋಹವನ್ನು ಗಟ್ಟಿಗಳಾಗಿ ಹೊತ್ತು ತಂದು ಶತ್ರುವಿನ ಕೋಟೆಯ ಎದುರೇ ಕುಲುಮೆ ಹೂಡುವುದು. ಆಗ ಕೋಟೆಯೊಳಗಿನ ಜನ ತಮ್ಮ ಸಾವಿನ ಅಚ್ಚು ದಿನದಿನಕ್ಕೂ ಒಣಗುವುದನ್ನು ಗೋಡೆಯ ಮೇಲಿಂದ ನೋಡುತ್ತಿರುತ್ತಾರೆ.

ಹತ್ತು ಮೈಲಿ ದೂರವನ್ನು ನಾನು ಒಪ್ಪಲಾರೆ. ಗಾಳಿಯ ತಡೆಯನ್ನು ಲೆಕ್ಕಕ್ಕೇ ತೆಗೆದುಕೊಳ್ಳದಿದ್ದರೂ ಅಷ್ಟು ದೂರಕ್ಕೆ ಗುಂಡು ಸೆಕೆಂಡಿಗೆ ಸುಮಾರು 400 ಮೀಟರ್ ವೇಗದಲ್ಲಿ ತೋಪಿನ ಬಾಯಿಂದ ಹೊರಡಬೇಕು, ಅದೂ ತೋಪನ್ನು 45 ಡಿಗ್ರಿಗೆ ಎತ್ತಿ ನಿಲ್ಲಿಸಿದಾಗ. 120 ಟನ್ ತೋಪನ್ನು ಹಾಗೆ ಎತ್ತಿ ನಿಲ್ಲಿಸುವವರು ಯಾರು? ಓರ್ಬಾನನ ತೋಪು ಸುಮಾರು ಒಂದು ಮೈಲಿ ಹೊಡೆಯುತ್ತಿತ್ತು. ದೂರಕ್ಕಿಂತ ದೊಡ್ಡ ತೊಂದರೆ ಗುರಿಯದು. ನೂರು ಮೀಟರ್ ಅಗಲದ ಕೋಟೆಮುಖವೊಂದು ಹತ್ತು ಮೈಲಿ ಆಚೆ, ಚಾಚಿದ ಕೈಯ ಹೆಬ್ಬೆರಳಿನ ಅಗಲದ ಆರನೇ ಒಂದು ಪಾಲಿನಷ್ಟು ಕಾಣುತ್ತದೆ. ಕೈಯಲ್ಲಿ ಕಡೆದ ಕಲ್ಲುಗುಂಡಿನಿಂದ, ಒಂದೊಂದು ಸಲ ಒಂದೊಂದು ಹದಕ್ಕೆ ಬರುವ ಮದ್ದಿನಿಂದ ಅದನ್ನು ಮುಟ್ಟುವುದು ಹರಕೆ ಹೊತ್ತರೂ ಆಗದು. ಗೋಡೆ ಬೀಳಬೇಕಾದರೆ ಗುಂಡುಗಳು ಒಂದೇ ಜಾಗಕ್ಕೆ ಬೀಳಬೇಕು. ಕಾನ್‌ಸ್ಟಾಂಟಿನೋಪಲ್‌ನಲ್ಲಿ ತೋಪಿನವರು ಮೊದಲು ಕಂಡಕಂಡಲ್ಲಿ ಹೊಡೆಯುತ್ತಿದ್ದರೆಂದೂ, ತ್ರಿಕೋನದ ಮೂರು ಮೂಲೆಗಳಂತೆ ಮೂರು ಏಟು ಹಾಕಿದರೆ ನಡುವಿನ ಗೋಡೆ ತಾನೇ ಕುಸಿಯುತ್ತದೆಂದು ಹಂಗೇರಿಯ ದೂತನೊಬ್ಬ ಹೇಳಿಕೊಟ್ಟನೆಂದೂ ಅಂದಿನ ಬರಹಗಾರರು ಹೇಳುತ್ತಾರೆ. ನಿಮ್ಮ ತೋಪು ಕೋಟೆಯಿಂದ ಒಂದು ಮೈಲಿಯೊಳಗೆ ಬರಲಿ. ಆಗ ಎರಡೂ ಕಡೆಯವರಿಗೆ ಪರಸ್ಪರರ ಒಲೆಯ ಹೊಗೆ ಕಾಣುತ್ತದೆ, ಅದು ಕಥೆಗೂ ಒಳ್ಳೆಯದು.

ಗಂಟೆಗೊಂದು ಗುಂಡಿನ ಮಾತಿಗೆ ಬರುತ್ತೇನೆ. ಓರ್ಬಾನನ ತೋಪು ದಿನಕ್ಕೆ ಏಳು ಸಲ ಮಾತ್ರ ಹಾರುತ್ತಿತ್ತು. ಒಂದು ಹೊಡೆತವನ್ನು ಹತ್ತಿರ ನಿಂತು ನೋಡಿದರೆ ತಡವೇಕೆಂದು ತಿಳಿಯುತ್ತದೆ. ಹಾರಿದ ಮೇಲೆ ಸುತ್ತಲೂ ಬಿಳಿ ಹೊಗೆ ಕವಿದು ಯಾರಿಗೂ ಏನೂ ಕಾಣುವುದಿಲ್ಲ. ಅದು ಚದುರುವಷ್ಟರಲ್ಲಿ ತೋಪು ಹಿಂದಕ್ಕೆ ಗುದ್ದಿ ಮರದ ಹಾಸನ್ನು ಅಸ್ತವ್ಯಸ್ತ ಮಾಡಿರುತ್ತದೆ: ಒಂದು ಟನ್ ಗುಂಡು ಸೆಕೆಂಡಿಗೆ 200 ಮೀಟರ್ ವೇಗದಲ್ಲಿ ಹೊರಟರೆ, 120 ಟನ್ ತೋಪು ಬಿರುಸಾಗಿ ನಡೆಯುವ ಮನುಷ್ಯನ ವೇಗದಲ್ಲಿ ಹಿಂದೆ ಸರಿಯುತ್ತದೆ. ಮನುಷ್ಯನನ್ನು ತಡೆಯಬಹುದು, ಆ ಭಾರವನ್ನು ತಡೆಯಲು ದಿಮ್ಮಿಗಳ ಒಡ್ಡೇ ಬೇಕು. ಬಿಸಿಗೆ ಕಂಚು ಬಿರಿಯದಂತೆ ಬೆಚ್ಚನೆಯ ಎಣ್ಣೆ ಸುರಿದು ನಿಧಾನವಾಗಿ ಆರಿಸುತ್ತಾರೆ. ಗಜವೆಂಬ ಉದ್ದ ಕೋಲಿಗೆ ಒದ್ದೆ ಕುರಿಚರ್ಮ ಸುತ್ತಿ ಕೊಳವೆಯನ್ನು ಒರೆಸುತ್ತಾರೆ. ಒಳಗೆ ಒಂದು ಕಿಡಿ ಉಳಿದಿದ್ದರೂ ಮುಂದಿನ ಮದ್ದು ತುಂಬುವವರ ಗತಿ ಮುಗಿದಂತೆ. ಆಮೇಲೆ ಮದ್ದು, ಅದರ ಮೇಲೆ ಮರದ ಬಿರಡೆ, ಬಿರಡೆಯ ಸುತ್ತ ಜೇಡಿಮಣ್ಣು, ಕೊನೆಗೆ ಕಲ್ಲು. ಸಾಲದ್ದಕ್ಕೆ ತೋಪನ್ನು ಮತ್ತೆ ಸನ್ನೆಗೋಲುಗಳಿಂದ ಗುರಿಗೆ ತರಬೇಕು.

ಈ ನಿಧಾನವೇ ದೈತ್ಯ ತೋಪಿನ ದೊಡ್ಡ ದೌರ್ಬಲ್ಯ, ನಿಮ್ಮ ಯುದ್ಧದೃಶ್ಯಗಳು ಹುಟ್ಟಬೇಕಾದದ್ದೂ ಇಲ್ಲಿಂದಲೇ. ಕಾನ್‌ಸ್ಟಾಂಟಿನೋಪಲ್‌ನ ಜನ ಹಗಲು ಬಿದ್ದ ಗೋಡೆಯನ್ನು ರಾತ್ರಿ ಮರದ ದಿಮ್ಮಿ, ಮಣ್ಣು ತುಂಬಿದ ಪೀಪಾಯಿ, ಸೌದೆಯ ಹೊರೆಗಳಿಂದ ಮುಚ್ಚುತ್ತಿದ್ದರು. ಮೆತ್ತನೆಯ ಮಣ್ಣು ಕಲ್ಲುಗುಂಡನ್ನು ನುಂಗಿಬಿಡುತ್ತಿತ್ತು. ಬಯಲಿನಲ್ಲಾದರೆ ಇನ್ನೂ ಕಷ್ಟ. 1520ರ ಮೇ ತಿಂಗಳಲ್ಲಿ ರಾಯಚೂರಿನ ಬಳಿ ಕೃಷ್ಣದೇವರಾಯನ ಸೈನ್ಯದ ಮೇಲೆ ಆದಿಲ್ ಷಾಹಿ ಪಡೆ ತನ್ನ ತೋಪುಗಳನ್ನೆಲ್ಲ ಒಮ್ಮೆಗೇ ಹಾರಿಸಿ ಮುಂಚೂಣಿಯನ್ನು ಹಿಮ್ಮೆಟ್ಟಿಸಿತೆಂದೂ, ಮತ್ತೆ ಮದ್ದು ತುಂಬುವುದರೊಳಗೆ ರಾಯ ಎರಡನೇ ಸಾಲನ್ನು ಮುನ್ನುಗ್ಗಿಸಿ ಗೆದ್ದನೆಂದೂ ಪೋರ್ಚುಗೀಸ್ ವರ್ತಕ ನೂನಿಜ್‌ನ ಬರಹದಿಂದ ತಿಳಿದುಬರುತ್ತದೆ. ನಿಮ್ಮ ಕೋಟೆಯ ಒಳಗಿನವರು ಎರಡು ಗುಂಡುಗಳ ನಡುವಿನ ಹೊತ್ತನ್ನು ಅಳೆಯಲು ಕಲಿಯಲಿ: ಒಂದು ಗುಂಡು ಬಿದ್ದ ಮೇಲೆ ಅನ್ನ ಬಸಿದು, ಮಕ್ಕಳಿಗೆ ಉಣ್ಣಿಸಿ, ಬಾವಿಗೆ ಹೋಗಿ ಬರುವಷ್ಟು ಬಿಡುವಿದೆ ಎಂದು ಅಲ್ಲಿನ ಹೆಂಗಸರಿಗೆ ಮೂರನೇ ದಿನಕ್ಕೇ ಗೊತ್ತಾಗಿರುತ್ತದೆ.

ತೋಪಿಗೆ ಮುಖ ಇರಬೇಕೇ ಎಂದೂ ಕೇಳಿದ್ದೀರಿ. ಖಂಡಿತ ಇರಲಿ. ಮಲಿಕ್-ಎ-ಮೈದಾನ್‌ನ ಬಾಯಿ ಆನೆಯನ್ನು ದವಡೆಯಲ್ಲಿ ಕಚ್ಚಿದ ಸಿಂಹದ ಮುಖ. ಅಂಥ ಅಲಂಕಾರಕ್ಕೆ ಯುದ್ಧದಲ್ಲಿ ಉಪಯೋಗವಿಲ್ಲವೆಂದು ಹೇಳಲಾರೆ, ಏಕೆಂದರೆ ದಿನಕ್ಕೆ ಏಳೇ ಸಲ ಹಾರುವ ತೋಪು ಉಳಿದ ಹೊತ್ತೆಲ್ಲ ಮಾಡುವ ಕೆಲಸ ಹೆದರಿಸುವುದೊಂದೇ. ಅದರ ಸದ್ದಿಗೆ ಕಿವಿ ಒಡೆಯಬಾರದೆಂದು ಬತ್ತಿ ಮುಟ್ಟಿಸಿದವನು ಬುರುಜಿನ ಮೇಲಿನ ನೀರಿನ ತೊಟ್ಟಿಗೆ ಧುಮುಕಿ ತಲೆ ಮುಳುಗಿಸುತ್ತಿದ್ದ ಎಂಬ ಕಥೆಯನ್ನು ವಿಜಯಪುರದಲ್ಲಿ ಇಂದಿಗೂ ಹೇಳುತ್ತಾರೆ. ಅದು ನಿಜವೋ ಅಲ್ಲವೋ, ತೊಟ್ಟಿಯಂತೂ ಅಲ್ಲಿದೆ. ಅದೇ ತೋಪನ್ನು 1854ರಲ್ಲಿ ಗುಜರಿ ಲೋಹವೆಂದು ಹರಾಜಿಗಿಟ್ಟಾಗ ಬಂದ ಬೆಲೆ 150 ರೂಪಾಯಿ ಎನ್ನುತ್ತಾರೆ; ಪುಣ್ಯಕ್ಕೆ ಆ ಹರಾಜು ರದ್ದಾಯಿತು.

ಕೊನೆಯ ಪ್ರಶ್ನೆಗೆ, ಅವಳು ಅದನ್ನು ಹೇಗೆ ಕೆಡಿಸಬೇಕು ಎಂಬುದಕ್ಕೆ, ಎರಡು ದಾರಿಗಳಿವೆ. ಎರಡೂ ನಾಯಕಿಯ ಹುಟ್ಟಿನೊಂದಿಗೆ ಹೊಂದುತ್ತವೆ.

ಮೊದಲನೆಯದು ಗುಳ್ಳೆ. ಎರಕವಾದ ತೋಪಿನ ಬಾಯಿಗೆ ಕನ್ನಡಿ ಹಿಡಿದು, ಬಿಸಿಲನ್ನು ಒಳಗೆ ಹಾಯಿಸಿ, ಕೊಳವೆಯ ಗೋಡೆಯಲ್ಲಿ ಗುಳಿಗಳಿವೆಯೇ ಎಂದು ಪರೀಕ್ಷಿಸುವ ಕ್ರಮವಿತ್ತು. ಕವಲುಮುಳ್ಳಿನ ಸಲಾಕೆ ಹಾಕಿ ತಡವಿಯೂ ನೋಡುತ್ತಿದ್ದರು. ಮದ್ದಿನ ಗೂಡಿನ ಬಳಿ ಗುಳ್ಳೆಯೊಂದನ್ನು ಕಂಡ ತಂದೆ, ತಲೆ ಉಳಿಸಿಕೊಳ್ಳಲು, ಅದನ್ನು ಮೇಣದಲ್ಲಿ ಕಲಸಿದ ಕಂಚಿನ ಪುಡಿಯಿಂದ ಮುಚ್ಚಿದ್ದಾನೆ ಎಂದಿಟ್ಟುಕೊಳ್ಳಿ. ಮೊದಲ ಹೊಡೆತಕ್ಕೇ ಮೇಣ ಕರಗಿ ಹೋಗುತ್ತದೆ. ದಿನಕ್ಕೆ ಏಳು ಸಲ, ಒದ್ದೆ ಚರ್ಮದಿಂದ ಚೆನ್ನಾಗಿ ಒರೆಸುತ್ತಿರುವವರೆಗೆ ಏನೂ ಆಗದು. ರಾಜ ಗಂಟೆಗೊಂದು ಗುಂಡು ಬೇಕೆಂದು ಹಟ ಹಿಡಿದ ದಿನ ಆಳುಗಳು ಒರೆಸುವುದನ್ನು ಅವಸರದಲ್ಲಿ ಮುಗಿಸುತ್ತಾರೆ, ಗುಳ್ಳೆಯೊಳಗೆ ಒಂದು ಕಿಡಿ ಉಳಿಯುತ್ತದೆ, ಮದ್ದು ಸುರಿಯುತ್ತಿದ್ದಂತೆಯೇ ಹೊತ್ತಿಕೊಂಡು ಪಕ್ಕದ ಪೀಪಾಯಿಗಳಿಗೂ ತಗಲುತ್ತದೆ. ನಿಮ್ಮ ಗಂಟೆಗೊಂದು ಗುಂಡು ಹೀಗೆ ಕಥೆಯೊಳಗೆ ಉಳಿದುಕೊಳ್ಳಬಹುದು. ಆದರೆ ಇದರಲ್ಲಿ ಸಾಯುವವರು ರಾಜನಲ್ಲ, ಗಜ ಹಿಡಿದು ಬಾಯಿಯೆದುರು ನಿಂತ ಕೂಲಿಯಾಳುಗಳು. ಅವರಲ್ಲಿ ಇಬ್ಬರ ಹೆಸರನ್ನಾದರೂ ನಾಯಕಿ ಬಲ್ಲಳು.

ಎರಡನೆಯದು ಮೊಳೆ. ಎಷ್ಟೇ ದೊಡ್ಡ ತೋಪಾದರೂ ಬೆಂಕಿ ಒಳಹೋಗುವುದು ಹೆಬ್ಬೆರಳಿಗಿಂತ ಕಿರಿದಾದ ಒಂದು ತೂತಿನಿಂದ. ಗಟ್ಟಿ ಉಕ್ಕಿನ ಮೊಳೆಯೊಂದನ್ನು ಅದರೊಳಕ್ಕೆ ಹೊಡೆದು, ತಲೆಯನ್ನು ಮಟ್ಟಸವಾಗಿ ಮುರಿದುಬಿಟ್ಟರೆ ತೋಪು ಕೆಲಸಕ್ಕೆ ಬಾರದು. ಹಿಮ್ಮೆಟ್ಟುವ ಸೈನ್ಯಗಳು ಶತಮಾನಗಳ ಕಾಲ ತಮ್ಮ ತೋಪುಗಳಿಗೆ ಹೀಗೆಯೇ ಮಾಡಿ ಹೋಗಿವೆ. ಬೈರಿಗೆ ಹಿಡಿದು ಹೊಸ ತೂತು ಕೊರೆಯಬಹುದು ನಿಜ, ಆದರೆ ಅಷ್ಟು ದಪ್ಪ ಕಂಚಿನಲ್ಲಿ ಅದು ದಿನಗಟ್ಟಲೆಯ ಕೆಲಸ, ಮಾಡಬಲ್ಲವನು ಪಾಳೆಯದಲ್ಲಿ ಅವಳ ತಂದೆ ಒಬ್ಬನೇ. ನನ್ನ ಮತ ಮೊಳೆಗೇ. ಯಾರೂ ಸಾಯುವುದಿಲ್ಲ, ತೋಪು ನೋಡುವುದಕ್ಕೆ ಮೊದಲಿನಂತೆಯೇ ಇರುತ್ತದೆ, ಮರುದಿನ ಬತ್ತಿ ಹಿಡಿದವನು ಬಗ್ಗುವವರೆಗೆ ರಾಜನಿಗೆ ಸುಳಿವೂ ಸಿಗುವುದಿಲ್ಲ.

ಒಂದು ತೊಡಕಿದೆ. ದೇವಾಲಯಗಳ ಗಂಟೆ ಕರಗಿಸಿ ಹೊಯ್ದ ತೋಪು ಅದು. ಸುತ್ತಿಗೆಯ ಮೊದಲ ಏಟಿಗೇ 120 ಟನ್ ಕಂಚು ಗಂಟೆಯಂತೆ ಮೊಳಗಿ ಇಡೀ ಪಾಳೆಯವನ್ನು ಎಬ್ಬಿಸುತ್ತದೆ. ಆದ್ದರಿಂದ ಆ ರಾತ್ರಿ ಅವಳು ತೋಪಿನ ಬಾಯಿಂದ ಹಿಡಿದು ಹಿಂಭಾಗದವರೆಗೆ, ಬಿಸಿಲಿಗೆ ಮುಚ್ಚುವ ನೆಪದಲ್ಲಿ ಹಗಲೇ ತಂದಿಟ್ಟ ಒದ್ದೆ ಗೋಣಿತಾಟುಗಳನ್ನೂ ಕಂಬಳಿಗಳನ್ನೂ ಹೊದಿಸಬೇಕು, ಕೊಳವೆಯೊಳಕ್ಕೆ ಹುಲ್ಲಿನ ಹೊರೆ ತುರುಕಬೇಕು, ಆಮೇಲೆ ಕೋಟೆಯ ಕಡೆಯಿಂದ ನಗಾರಿಯ ಸದ್ದು ಬರುವುದನ್ನೇ ಕಾದು, ಅದರ ಒಂದೊಂದು ಪೆಟ್ಟಿಗೆ ತನ್ನ ಒಂದೊಂದು ಪೆಟ್ಟನ್ನು ಕೂಡಿಸಿ ಹೊಡೆಯಬೇಕು.